ಆಗಸ್ಟ್ ತಿಂಗಳ ಪರೀಕ್ಷೆ

ಹೋಲ್ಮ್ ಗ್ರೋವ್, ಅಯೋವಾ
ಆಗಸ್ಟ್ 14, 2011

ಟ್ರೆಂಟ್,

ನಿನ್ನನ್ನು ಕಾಲೇಜಿನ ಹಾಸ್ಟೆಲ್ ಬಾಗಿಲಲ್ಲಿ ಇಳಿಸಿ ಬಂದಾಗಿನಿಂದ ನಿನ್ನಮ್ಮ ನನ್ನ ಹತ್ತಿರ ಸರಿಯಾಗಿ ಮಾತಾಡಿಲ್ಲ. "ಕಡೇ ವರ್ಷ ಕಣೋ ಡ್ವೇನ್, ಮಗನ್ನ ಒಂದ್ಸಲ ತಬ್ಬಿಕೊಂಡು ಕಳಿಸೋದು ಬಿಟ್ಟು, ಭುಜ ತಗ್ಗಿಸು, ಮೊಣಕಾಲು ಬಗ್ಗಿಸು ಅಂತ ಪಾರ್ಕಿಂಗಲ್ಲೇ ಪಾಠ ಶುರು ಮಾಡ್ದ್ಯಲ್ಲ" ಎಂದು ದಾರಿಯುದ್ದಕ್ಕೂ ಬೈದಳು. ಅವಳು ಹೇಳಿದ್ದು ಸರಿ. ಹಾಗಾಗಿ ಈ ವರ್ಷವೂ ಅವಳ ಕಾನೂನೇ ನಡೆಯಲಿ. ಆಟದ ಋತು ಮುಗಿಯುವ ತನಕ ಅಪ್ಪ ಮಗನಿಗೆ ಫೋನಿಲ್ಲ, ಕಾಗದ ಮಾತ್ರ. ಫೋನು ಹಿಡಿದರೆ ನಾನು ಕೋಚ್ ಆಗುತ್ತೇನಂತೆ, ನೀನು ತಲೆಹರಟೆ ಆಟಗಾರ ಆಗುತ್ತೀಯಂತೆ.

ಇಲ್ಲಿ ನನ್ನ ಹೈಸ್ಕೂಲ್ ಫುಟ್‌ಬಾಲ್ ತಂಡದ ಹುಡುಗರು ಈ ಸಲ ಕಡ್ಡಿಗಳು. ಹೆಲ್ಮೆಟ್ಟಿನ ಭಾರಕ್ಕೇ ಕತ್ತು ವಾಲುತ್ತದೆ. ನಿನ್ನ ಹಾಗೆ ನಡುಮಧ್ಯ ನಿಂತು ಓಡಿ ಬರುವವನನ್ನು ಎದೆಗೊಟ್ಟು ಕೆಡವುವವನು ಒಬ್ಬನೂ ಇಲ್ಲ.

ಮಂಗಳವಾರ ನಿಮಗೆ ಆ ಕಂಪ್ಯೂಟರಿನ ನೆನಪಿನ ಪರೀಕ್ಷೆ ಇರಬೇಕಲ್ಲ? ಪ್ರತಿವರ್ಷ ಮಾಡಿದ ಹಾಗೆಯೇ ಮಾಡು. ಪದಗಳನ್ನು ಮರೆತವನ ಹಾಗೆ ಮಾಡು, ಗುಂಡಿ ಒತ್ತುವಾಗ ನಿಧಾನ ಮಾಡು. ಆಗಸ್ಟಿನಲ್ಲಿ ಕಡಿಮೆ ಅಂಕ ಬಂದಿದ್ದರೆ, ಆಮೇಲೆ ತಲೆಗೆ ಒಂದು ಪೆಟ್ಟು ಬಿದ್ದು ಅವರು ಮತ್ತೆ ಪರೀಕ್ಷೆ ಮಾಡಿ ಎರಡನ್ನೂ ಹೋಲಿಸಿದಾಗ ವ್ಯತ್ಯಾಸವೇ ಕಾಣುವುದಿಲ್ಲ. ಯಾರೋ ಕಚೇರಿಯಲ್ಲಿ ಕುಳಿತವರು ನಿನ್ನನ್ನು ಬೆಂಚಿನ ಮೇಲೆ ಕೂರಿಸುವುದು ಬೇಡ. ನನ್ನ ಹುಡುಗರಿಗೆಲ್ಲ ಇದನ್ನೇ ಹೇಳಿಕೊಟ್ಟಿದ್ದೇನೆ, ಯಾರಿಗೂ ಏನೂ ಆಗಿಲ್ಲ.

ಕಡೇ ಆಟ ಡನ್‌ಮೋರ್ ಕಾಲೇಜಿನ ಮೇಲೆ. ಗೆದ್ದವರಿಗೆ ಆ ಹಳೇ ಹಾಲಿನ ಕ್ಯಾನೇ ಟ್ರೋಫಿ. ನನ್ನ ಕಾಲದಲ್ಲಿ ನಾನದನ್ನು ಸೋತು ಕೊಟ್ಟು ಬಂದವನು, ನಿನಗೆ ಗೊತ್ತೇ ಇದೆ. ಅಷ್ಟೇ ಹೇಳುತ್ತೇನೆ.

ನಿನ್ನ ಅಪ್ಪ


ವಿಟ್ಲಾಕ್ ಕಾಲೇಜು
ಆಗಸ್ಟ್ 22

ಅಪ್ಪಾ,

ಪರೀಕ್ಷೆ ಮುಗಿಯಿತು. ನಿನ್ನ ಮಗ ಭರ್ಜರಿಯಾಗಿ ಫೇಲಾಗಿದ್ದಾನೆ. ಪರದೆಯ ಮೇಲೆ ಪದಗಳ ಸಾಲು ಬಂತು. ಆಮೇಲೆ ಯಾವುದನ್ನು ನೋಡಿದ್ದೆ, ಯಾವುದನ್ನು ನೋಡಿಲ್ಲ ಎಂದು ಕೇಳಿತು. ಎಲ್ಲವೂ ಚೆನ್ನಾಗಿ ನೆನಪಿತ್ತು. ಅರ್ಧಕ್ಕರ್ಧ ತಪ್ಪು ಒತ್ತಿದೆ. ಗಾಯ ಗೀಯ ನೋಡಿಕೊಳ್ಳುವ ಟ್ರೇನರ್ ರೆನೇ ಮೇಡಂ ನನ್ನ ಅಂಕ ನೋಡಿ ಕನ್ನಡಕ ತೆಗೆದು ಒರೆಸಿಕೊಂಡರು.

ಪಕ್ಕದ ಕುರ್ಚಿಯಲ್ಲಿ ನಮ್ಮ ತಂಡದ ಡಿಷಾನ್ ಇದ್ದ. ಹೊರಗೆ ಬಂದ ಮೇಲೆ ಹೇಳುತ್ತಾನೆ, "ನೀನು ನಾಟಕ ಮಾಡಿದ್ದು ನಂಗೊತ್ತಪ್ಪಾ. ಆದ್ರೆ ಆಯಮ್ಮಂಗೆ ನೀನು ನಿಜವಾಗ್ಲೂ ಹುಟ್ಟುದಡ್ಡ ಅನ್ಸಿದೆ. ನಾಳೆಯಿಂದ ನಿಂಗೆ ಶೂ ಲೇಸು ಕಟ್ಟೋದು ಹೇಳ್ಕೊಡ್ತಾರೆ ನೋಡು." ಅವನು ಮಾತ್ರ ನೆಟ್ಟಗೆ ಬರೆದ. ಅವನಮ್ಮ ನರ್ಸು, ಹೆದರುತ್ತಾನೆ.

ಬಿಸಿಲಿನಲ್ಲಿ ದಿನಕ್ಕೆ ಎರಡು ಸಲ ಅಭ್ಯಾಸ. ರಕ್ಷಣೆಯ ಸಂಜ್ಞೆಗಳನ್ನೆಲ್ಲ ಈ ವರ್ಷ ನಾನೇ ಕೂಗಬೇಕು. ನಮ್ಮ ಕೋಚ್, "ವೊಂಡ್ರಾ, ನಿನ್ನ ತಲೇಲಿ ಇಡೀ ಪುಸ್ತಕ ಇದೆ ಕಣಯ್ಯ" ಎಂದರು. ಬಾಯಿಪಾಠ ಹೊಡೆಸಿದ್ದು ನೀನು. ಥ್ಯಾಂಕ್ಸ್.

ಟ್ರೆಂಟ್


ವಿಟ್ಲಾಕ್
ಸೆಪ್ಟೆಂಬರ್ 12

ಅಪ್ಪಾ,

ಎರಡಕ್ಕೆ ಎರಡೂ ಗೆದ್ದೆವು! ರೇಡಿಯೋದಲ್ಲಿ ಕೇಳಿರುತ್ತೀಯ.

ಅವರು ಹೇಳದೇ ಇದ್ದದ್ದನ್ನು ನಾನು ಹೇಳುತ್ತೇನೆ. ಅಮ್ಮನಿಗೆ ಓದಿ ಹೇಳುವಾಗ ಈ ಭಾಗ ಬಿಡು. ಅವರ ಓಟಗಾರ ತಲೆ ತಗ್ಗಿಸಿ ನುಗ್ಗಿದ, ನಾನೂ ತಗ್ಗಿಸಿದೆ. ಯಾರೋ ಬಾಗಿಲು ದಡಾರನೆ ಹಾಕಿದಂಥ ಸದ್ದು ಕೇಳಿತು. ಎದ್ದು ನಿಂತೆ, ಮೈದಾನದ ಎಡಭಾಗ ಇರಲೇ ಇಲ್ಲ. ಬಲಗಡೆ ಜನ, ಹುಲ್ಲು, ಗೆರೆ ಎಲ್ಲ ಇದೆ, ಎಡಗಡೆ ಬರೀ ಬೂದು. ಡಿಷಾನ್ ನನ್ನ ಎಡಕ್ಕೆ ನಿಂತು ಆ ಕಡೆಯಿಂದ ಏನು ಬರುತ್ತಿದೆ ಎಂಬುದನ್ನು ಪಿಸುಗುಟ್ಟಿದ, ನಾನು ಅದನ್ನೇ ಜೋರಾಗಿ ಕೂಗಿದೆ. ಆಟ ಮುಗಿಸಿದೆವು.

ಭಾನುವಾರ ರೆನೇ ಮೇಡಂ ಕರೆದು ಕಂಪ್ಯೂಟರ್ ಮುಂದೆ ಕೂರಿಸಿದರು. ಈ ಸಲ ನಾಟಕ ಇಲ್ಲ, ಇದ್ದಷ್ಟು ಬುದ್ಧಿ ಹಾಕಿ ಮಾಡಿದೆ. ಪದಗಳು ಸೋಪಿನ ಹಾಗೆ ಜಾರಿ ಹೋಗುತ್ತಿದ್ದವು. ಆದರೂ ಆಗಸ್ಟಿಗಿಂತ ಸ್ವಲ್ಪ ಜಾಸ್ತಿಯೇ ಅಂಕ ಬಂತು ಅಪ್ಪಾ! ಅವರು ಎರಡು ಹಾಳೆ ಪಕ್ಕಪಕ್ಕ ಇಟ್ಟು ನೋಡಿ, "ಪರವಾಗಿಲ್ಲ, ಆಡಬಹುದು" ಎಂದು ಸಹಿ ಹಾಕಿದರು. ನಿನ್ನ ಉಪಾಯ ಫಲಿಸಿತು.

ಟ್ರೆಂಟ್


ಹೋಲ್ಮ್ ಗ್ರೋವ್
ಸೆಪ್ಟೆಂಬರ್ 15

ಟ್ರೆಂಟ್,

ಶಭಾಷ್ ಮಗನೇ. ಒಂದು ಕಣ್ಣು ಇಲ್ಲದೆಯೂ ನೀನು ಆ ಹುಡುಗರಿಗಿಂತ ಮೇಲು.

ನನಗೂ ಹೀಗೆ ಎಷ್ಟೋ ಸಲ ಆಗಿದೆ. ನಾಲ್ಕು ದಿನ ಬೆಳಕು ಚುಚ್ಚುತ್ತದೆ, ಟೋಪಿ ಹಾಕಿಕೋ, ನೀರು ಕುಡಿ. ಊಟ ಸೇರದಿದ್ದರೆ ಒಣ ಟೋಸ್ಟ್ ತಿನ್ನು. ಅಭ್ಯಾಸದಲ್ಲಿ ಸುಮ್ಮನೆ ತಲೆ ಕೊಡಬೇಡ, ಶನಿವಾರಕ್ಕೆ ಉಳಿಸಿಕೋ. ಅಮ್ಮನಿಗೆ ಆ ಭಾಗ ಓದಲಿಲ್ಲ. ಏನೋ ಬಿಟ್ಟೆ ಎಂದು ಅವಳಿಗೆ ಅನುಮಾನ ಬಂತು. "ಹುಡುಗೀರ ವಿಷಯ" ಎಂದೆ. ನಕ್ಕಳು.

ನಿನ್ನ ಅಪ್ಪ


ವಿಟ್ಲಾಕ್
ಅಕ್ಟೋಬರ್ 3

ಅಪ್ಪಾ, ಅಮ್ಮಾ,

ಐದಕ್ಕೆ ಐದು. ಊರಲ್ಲಿ ಕ್ಷೌರದವನು ನನ್ನ ಹತ್ತಿರ ದುಡ್ಡು ತೆಗೆದುಕೊಳ್ಳಲಿಲ್ಲ.

ಒಂದು ತಮಾಷೆ ಕೇಳಿ. ಆರಿಜೋನಾದಿಂದ ಹೊಸ ಹುಡುಗನೊಬ್ಬ ಬಂದಿದ್ದಾನೆ, ಆಳು ಫ್ರಿಜ್ಜಿನಷ್ಟು ಇದ್ದಾನೆ. ಶುಕ್ರವಾರ ಊಟದಮನೆಯಲ್ಲಿ ಬೀನ್ಸ್ ಹಾಕಿದ ಖಾರದ ಚಿಲ್ಲಿ ಸಾರು ಬಡಿಸಿ, ನಮ್ಮ ಕಡೆಯ ರೂಢಿಯಂತೆ ಅದೇ ತಟ್ಟೆಯಲ್ಲಿ ದಾಲ್ಚಿನ್ನಿ ಸಿಹಿ ರೋಲ್ ಇಟ್ಟರು. ಅವನು ಗಾಬರಿಯಾಗಿ ಅಡುಗೆಯಮ್ಮನ ಹತ್ತಿರ ಹೋಗಿ, "ಮೇಡಂ, ನಿಮ್ಮ ಸ್ವೀಟು ಜಾರಿ ನನ್ನ ಊಟದೊಳಗೆ ಬಿದ್ಬಿಟ್ಟಿದೆ" ಅಂತ ವಾಪಸ್ ಕೊಟ್ಟ. ಆಯಮ್ಮ, "ಅಯ್ಯೋ ಪಾಪ, ನಿನ್ನ ಸಾಕಿದೋರು ಯಾರಪ್ಪಾ" ಎಂದು ಎರಡು ರೋಲ್ ಹಾಕಿ ಕಳಿಸಿದಳು. ಬಿದ್ದು ಬಿದ್ದು ನಕ್ಕೆವು.

ತಲೆನೋವು ಬೆಳಿಗ್ಗೆ ಮಾತ್ರ. ಶನಿವಾರ ನೀನು ಬರುತ್ತೀಯಲ್ಲ ಅಪ್ಪಾ?

ಟ್ರೆಂಟ್


ಹೋಲ್ಮ್ ಗ್ರೋವ್
ಅಕ್ಟೋಬರ್ 9

ಟ್ರೆಂಟ್,

ಮನೆಗೆ ಬಂದು ಇನ್ನೂ ಮೈ ಬಿಸಿ ಆರಿಲ್ಲ. ಅಂಥ ಆಟವನ್ನು ನಾನು ನೋಡಿರಲಿಲ್ಲ, ಆಡಿಯೂ ಇರಲಿಲ್ಲ. ನೀನು ಕೆಡವಿದವರನ್ನು ಎಣಿಸುತ್ತಾ ಹೋಗಿ ಕೈಬೆರಳು ಸಾಲದಾಯಿತು. ಕಡೆಯಲ್ಲಿ ಗೋಲ್ ಗೆರೆಯ ಮೇಲೆ ಅವರ ತಂಡದ ಆ ದೈತ್ಯನನ್ನು ಹಿಂದಕ್ಕೆ ತಳ್ಳಿದೆಯಲ್ಲ, ನನ್ನ ಪಕ್ಕದ ಮುದುಕ ಕಾಫಿಯನ್ನು ನನ್ನ ಮೇಲೆ ಚೆಲ್ಲಿ, "ಯಾರ ಮಗ ಅವ್ನು?" ಎಂದ. "ನನ್ನ ಮಗ" ಎಂದೆ. ಹಾಗೆ ಹೇಳುವ ಸುಖ ನಿನಗೂ ಒಂದು ದಿನ ಬರಲಿ.

ಮೂರನೇ ಕ್ವಾರ್ಟರಿನಲ್ಲಿ ಒಮ್ಮೆ ನೀನು ಬಿದ್ದು ನಿಧಾನವಾಗಿ ಎದ್ದೆ. ದಣಿದಿದ್ದೀಯ ಎಂದುಕೊಂಡೆ.

ಅಮ್ಮನಿಗೆ ಬರಲಾಗಲಿಲ್ಲ, ಚರ್ಚಿನ ಕೆಲಸವಿತ್ತು. ಅವಳಿಗೆ ಎಲ್ಲವನ್ನೂ ಹೇಳಿದ್ದೇನೆ. ನವೆಂಬರ್ 12ಕ್ಕೆ, ಕಡೇ ವರ್ಷದವರು ಅಪ್ಪ ಅಮ್ಮನ ತೋಳು ಹಿಡಿದು ಮೈದಾನಕ್ಕೆ ಬರುವ ದಿನಕ್ಕೆ, ಹೊಸ ಕೋಟು ಹೊಲಿಸಿಕೊಳ್ಳುತ್ತಿದ್ದಾಳೆ.

ನಿನ್ನ ಅಪ್ಪ


ವಿಟ್ಲಾಕ್
ಅಕ್ಟೋಬರ್ 13

ಅಪ್ಪಾ, ಅಮ್ಮಾ,

ಎಲ್ಲ ಚೆನ್ನಾಗಿ ನಡೆಯುತ್ತಿದೆ. ಗೆಲ್ಲುತ್ತಿದ್ದೇವೆ. ಇತಿಹಾಸದ ಪಾಠ ಸ್ವಲ್ಪ ಹಿಂದೆ ಬಿದ್ದಿದೆ, ಪುಸ್ತಕದ ಸಾಲುಗಳು ಒಂದರ ಮೇಲೊಂದು ಹತ್ತುತ್ತವೆ.

ಒಂದು ತಮಾಷೆ ಕೇಳಿ. ಆರಿಜೋನಾದಿಂದ ಹೊಸ ಹುಡುಗನೊಬ್ಬ ಬಂದಿದ್ದಾನೆ, ಆಳು ಫ್ರಿಜ್ಜಿನಷ್ಟು ಇದ್ದಾನೆ. ಊಟದಮನೆಯಲ್ಲಿ ಚಿಲ್ಲಿ ಜೊತೆ ದಾಲ್ಚಿನ್ನಿ ರೋಲ್ ಇಟ್ಟರು. ಅವನು ಅಡುಗೆಯಮ್ಮನ ಹತ್ತಿರ ಹೋಗಿ, "ಮೇಡಂ, ನಿಮ್ಮ ಸ್ವೀಟು ಜಾರಿ ನನ್ನ ಊಟದೊಳಗೆ ಬಿದ್ಬಿಟ್ಟಿದೆ" ಎಂದ. ಆಯಮ್ಮ ಎರಡು ರೋಲ್ ಹಾಕಿ ಕಳಿಸಿದಳು. ನಿಮಗೆ ಹೇಳಬೇಕೆಂದು ಅಂದಿನಿಂದ ಕಾಯುತ್ತಿದ್ದೆ.

ಅಪ್ಪಾ, ಒಂದು ಶನಿವಾರ ಬಿಡುವು ಮಾಡಿಕೊಂಡು ಆಟ ನೋಡಲು ಬಾ.

ಟ್ರೆಂಟ್


ಹೋಲ್ಮ್ ಗ್ರೋವ್
ಅಕ್ಟೋಬರ್ 17

ಟ್ರೆಂಟ್,

ಕಾಗದ ಸಿಕ್ಕಿತು. ಅಮ್ಮ ಓದಿ, "ಇದು ಹೋದ ಕಾಗದದ ಕಥೆನೇ ಅಲ್ವಾ?" ಎಂದಳು. "ಹುಡುಗ ದಣಿದಿದಾನೆ, ಏನು ಬರ್ದೆ ಅಂತ ಅವನಿಗೇ ಗೊತ್ತಿರಲ್ಲ" ಎಂದೆ. ಅವಳು ಕಾಗದ ಮಡಿಸಿ ಏಪ್ರನ್ ಜೇಬಿನಲ್ಲಿಟ್ಟುಕೊಂಡಳು.

ಒಂದು ಮಾತು ಕೇಳು. ಮಣಿಕಟ್ಟಿಗೆ ಕಟ್ಟುವ ಪಟ್ಟಿ ಸಿಗುತ್ತದೆ, ಸಂಜ್ಞೆಗಳನ್ನೆಲ್ಲ ಸಣ್ಣಕ್ಷರದಲ್ಲಿ ಅದರಲ್ಲಿ ಬರೆದುಕೋ. ದೊಡ್ಡ ದೊಡ್ಡ ಆಟಗಾರರೇ ಕಟ್ಟುತ್ತಾರೆ, ಯಾರೂ ಏನೂ ಅಂದುಕೊಳ್ಳುವುದಿಲ್ಲ. ಆಟದ ನಂತರ ಕೋಚ್ ಏನಾದರೂ ಕೇಳಿದರೆ ಚುಟುಕಾಗಿ ಉತ್ತರ ಕೊಡು. ಡಿಷಾನ್ ಹತ್ತಿರವೇ ಇರು. ಕಾಗದ ಉದ್ದ ಬರೆಯಬೇಕಾಗಿಲ್ಲ, ಎರಡು ಸಾಲು ಸಾಕು. ನಿದ್ದೆ ಮಾಡು.

ಇನ್ನು ನಾಲ್ಕೇ ಆಟ.

ಅಪ್ಪ


ವಿಟ್ಲಾಕ್
ಅಕ್ಟೋಬರ್ 24

ಅಪ್ಪಾ,

ಪಟ್ಟಿ ಕಟ್ಟಿಕೊಂಡೆ. ಚೆನ್ನಾಗಿದೆ.

ನಿನಗೆ ಮಾತ್ರ ಹೇಳುತ್ತೇನೆ. ಊಟದಮನೆಯ ಟ್ಯೂಬ್‌ಲೈಟ್ ಕೆಳಗೆ ಕೂರಲಾಗುವುದಿಲ್ಲ, ತಟ್ಟೆ ತೆಗೆದುಕೊಂಡು ಮೆಟ್ಟಿಲಿನ ಮೇಲೆ ಕೂತು ತಿನ್ನುತ್ತೇನೆ. ಮೊನ್ನೆ ಡಿಷಾನ್ ಮೇಲೆ ಸುಮ್ಮಸುಮ್ಮನೆ ರೇಗಿ ಕುರ್ಚಿ ಎಸೆದೆ. ಅವನು ಕುರ್ಚಿ ಎತ್ತಿಟ್ಟ. "ಟ್ರೇನರ್‌ಗೆ ಹೇಳೋಣ ಕಣೋ" ಎಂದ. "ಹೇಳಿದ್ರೆ ನಿನ್ನ ಮುಖ ನೋಡಲ್ಲ" ಎಂದೆ. ನವೆಂಬರ್ ತನಕ ತಡೆದುಕೊಂಡರೆ ಸಾಕಲ್ಲ ಅಪ್ಪಾ? ನೀನು ತಡೆದುಕೊಂಡಿದ್ದೆಯಲ್ಲ.

ಟ್ರೆಂಟ್


ಹೋಲ್ಮ್ ಗ್ರೋವ್
ಅಕ್ಟೋಬರ್ 28

ಶ್ರೀಮತಿ ರೆನೇ ಕಾಲ್ಡ್‌ವೆಲ್ ಅವರಿಗೆ,
ಕ್ರೀಡಾ ಚಿಕಿತ್ಸೆ ವಿಭಾಗ, ವಿಟ್ಲಾಕ್ ಕಾಲೇಜು

ಮೇಡಂ,

ನಾನು ಟ್ರೆಂಟ್ ವೊಂಡ್ರಾನ ತಂದೆ. ಈ ಕಾಗದವನ್ನು ನನ್ನ ಹೆಂಡತಿ ಮಾರ್ಲಿಸ್ ಖುದ್ದಾಗಿ ತಂದು ನಿಮ್ಮ ಕೈಗೆ ಕೊಡುತ್ತಾಳೆ, ಏಕೆಂದರೆ ನಾಳೆ ಶನಿವಾರ, ಆಟವಿದೆ. ನಾನೇ ಬಂದರೆ ಮಗನ ಮುಖ ನೋಡಿ ಮಾತು ಬದಲಾಯಿಸುತ್ತೇನೆಂಬ ಭಯ ನನಗಿದೆ.

ಟ್ರೆಂಟ್ ಆಗಸ್ಟಿನಲ್ಲಿ ಕೊಟ್ಟ ಪರೀಕ್ಷೆ ಸುಳ್ಳು. ಬೇಕೆಂದೇ ತಪ್ಪು ಮಾಡಿದ್ದಾನೆ, ನಾಲ್ಕು ವರ್ಷವೂ. ಹಾಗೆ ಮಾಡಲು ಕಲಿಸಿದವನು ನಾನು. ಸೆಪ್ಟೆಂಬರಿನಲ್ಲಿ ಅವನಿಗೆ ಎಡಗಡೆ ಕಾಣಿಸುತ್ತಿರಲಿಲ್ಲ. ನನಗೆ ಬರೆದು ತಿಳಿಸಿದ್ದ. ಬೆನ್ನು ತಟ್ಟಿದೆ. ಆಮೇಲೆ ಒಂದೇ ಸುದ್ದಿಯನ್ನು ಎರಡು ಸಲ ಬರೆದ. ನಾನು ಬಂದು ಆಟ ನೋಡಿ ಹೋಗಿದ್ದನ್ನೇ ಮರೆತು, ಬಾ ಎಂದು ಕರೆದ. ಮುಚ್ಚಿಡುವುದು ಹೇಗೆಂದು ಅದಕ್ಕೂ ಉಪಾಯ ಹೇಳಿಕೊಟ್ಟೆ.

ಇವತ್ತು ಬೆಳಿಗ್ಗೆ ಅಂಗಡಿಯಲ್ಲಿ ಬೆವ್ ಕೂಸ್ಟ್ರಾ ಎಂಬಾಕೆ ನನ್ನ ಕೈಗೆ ಒಂದು ಲಕೋಟೆ ಕೊಟ್ಟಳು. ಊರಾಚೆ ನಮ್ಮ ಹಳೇ ಫಾರಂ ಮನೆಯನ್ನು ಕೊಂಡವಳು ಆಕೆ. ಟ್ರೆಂಟ್ ನಾಲ್ಕನೇ ಕ್ಲಾಸಿನಲ್ಲಿದ್ದಾಗ ನಾವು ಅದನ್ನು ಮಾರಿ ಪೇಟೆಗೆ ಬಂದೆವು. "ಕೋಚ್, ನಿಮ್ಮ ಮಗಂಗೆ ಇನ್ನೂ ನಮ್ಮನೇನೇ ಅವನ ಮನೆ ಅನ್ಸುತ್ತೇನೋ!" ಎಂದು ನಕ್ಕಳು. ಮೇಲೆ ಮಗನ ಕೈಬರಹ. ಹಳೇ ರಸ್ತೆ, ಹಳೇ ಅಂಚೆಪೆಟ್ಟಿಗೆ ನಂಬರು, ಯಾವ ಕಾಟೂ ಇಲ್ಲದೆ ನೀಟಾಗಿ ಬರೆದಿದ್ದ. ನಾನೂ ನಕ್ಕೆ. ಹೊರಗೆ ಬಂದು ಪಿಕಪ್ಪಿನಲ್ಲಿ ಕೂತು ಆ ವಿಳಾಸವನ್ನು ಮತ್ತೆ ಮತ್ತೆ ಓದಿದೆ.

ಅವನನ್ನು ನಾಳೆ ಆಡಲು ಬಿಡಬೇಡಿ. ಅವನು ಏನು ಹೇಳಿದರೂ ಬಿಡಬೇಡಿ.

ಡ್ವೇನ್ ವೊಂಡ್ರಾ


ವಿಟ್ಲಾಕ್ ಕಾಲೇಜು
ನವೆಂಬರ್ 1

ಕೋಚ್ ವೊಂಡ್ರಾ ಅವರಿಗೆ,

ಟ್ರೆಂಟ್‌ನನ್ನು ನರರೋಗದ ಡಾಕ್ಟರಿಗೆ ತೋರಿಸಿದ್ದೇವೆ. ಎರಡು ಪೆಟ್ಟು ಎಂದು ಅವರ ಅಂದಾಜು, ಎರಡನೆಯದು ಮೊದಲನೆಯದು ಮಾಯುವ ಮುನ್ನ ಬಿದ್ದಿದೆ. ಮೂರನೆಯದು ಬಿದ್ದಿದ್ದರೆ ಏನಾಗುತ್ತಿತ್ತು ಎಂಬುದನ್ನು ಅವರು ನಿಮ್ಮ ಪತ್ನಿಗೆ ವಿವರಿಸಿದರು, ನಾನು ಮತ್ತೆ ಬರೆಯುವುದಿಲ್ಲ. ಅವನು ಇನ್ನು ಆಡುವಂತಿಲ್ಲ. ಈ ವರ್ಷ ಮಾತ್ರವಲ್ಲ, ಎಂದೂ.

ನಿಮ್ಮ ಮೇಲೆ ನನಗೆ ಬಂದಿರುವ ಕೋಪಕ್ಕೆ ಇಲ್ಲಿ ಜಾಗ ಸಾಲದು. ಆದರೆ ನನ್ನ ಪಾಲಿನದನ್ನೂ ಹೇಳಬೇಕು. ಇತಿಹಾಸದಲ್ಲಿ ಒಳ್ಳೆಯ ಅಂಕ ತೆಗೆಯುವ, ತಂಡದ ಸಂಜ್ಞೆಗಳನ್ನೆಲ್ಲ ಬಾಯಿಪಾಠ ಹೇಳುವ ಹುಡುಗ ಆಗಸ್ಟಿನಲ್ಲಿ ಅಷ್ಟು ಕಡಿಮೆ ತೆಗೆದಾಗ ನನಗೆ ಅನುಮಾನ ಬಂದಿತ್ತು. ಮತ್ತೆ ಕೂರಿಸಿ ಬರೆಸಬಹುದಿತ್ತು. ಹೊರಗೆ ಇಡೀ ತಂಡ ಸಾಲಿನಲ್ಲಿ ಕಾಯುತ್ತಿತ್ತು, ಬಿಟ್ಟುಬಿಟ್ಟೆ. ಸೆಪ್ಟೆಂಬರಿನಲ್ಲಿ ಸಹಿ ಹಾಕಿದ ಕೈ ನನ್ನದು.

ನಿಮ್ಮ ಹೈಸ್ಕೂಲಿನ ಹುಡುಗರಿಗೂ ಇದನ್ನೇ ಕಲಿಸಿದ್ದೀರಾ? ದಯವಿಟ್ಟು ಉತ್ತರಿಸಿ.

ರೆನೇ ಕಾಲ್ಡ್‌ವೆಲ್


ವಿಟ್ಲಾಕ್
ನವೆಂಬರ್ 3

ಅಪ್ಪಾ,

ಆ ಕಾಗದ ಬರೆದದ್ದು ಅಪ್ಪನೋ ಕೋಚೋ? ಮೋಸ ಮಾಡು ಎಂದವನು ನೀನು. ಶಭಾಷ್ ಎಂದವನು ನೀನು. ಪಟ್ಟಿ ಕಟ್ಟಿಕೋ ಎಂದವನೂ ನೀನೇ. ನೀನು ಹೇಳಿದ್ದನ್ನೆಲ್ಲ ಮಾಡಿದೆ. ಈಗ ಚಾಡಿ ಹೇಳಿದವನೂ ನೀನೇ, ಅದೂ ಅಮ್ಮನ ಕೈಯಲ್ಲಿ ಕಳಿಸಿ. ಲಾಕರ್ ರೂಮಿನಲ್ಲಿ ಎಲ್ಲರೂ ಶೂ ಕಟ್ಟುತ್ತಿದ್ದಾಗ ನನ್ನನ್ನು ಹೊರಗೆ ಕರೆದರು. ಮೈಮೇಲೆ ಪ್ಯಾಡ್ ಇತ್ತು. ಅಮ್ಮ ಹೊಸ ಕೋಟು ಹಾಕಿಕೊಂಡು ಬಾಗಿಲಲ್ಲಿ ಅಳುತ್ತಾ ನಿಂತಿದ್ದಳು.

12ನೇ ತಾರೀಖು ನೀನು ಬರಬೇಡ. ಅಮ್ಮ ಒಬ್ಬಳೇ ಸಾಕು.

ಟ್ರೆಂಟ್ ವೊಂಡ್ರಾ


ಹೋಲ್ಮ್ ಗ್ರೋವ್
ನವೆಂಬರ್ 14

ಟ್ರೆಂಟ್ ಪುಟ್ಟಾ,

ಅಮ್ಮ ಬರೆಯುತ್ತಿದ್ದೇನೆ. ದೊಡ್ಡ ಅಕ್ಷರದಲ್ಲಿ ಬರೆದಿದ್ದೇನೆ, ಕಣ್ಣಿಗೆ ಆಯಾಸ ಆದರೆ ಡಿಷಾನ್ ಓದಲಿ.

ಶನಿವಾರ ನಿನ್ನ ತೋಳು ಹಿಡಿದು ಮೈದಾನದಲ್ಲಿ ನಡೆದದ್ದು ನನಗೆ ಹೆಮ್ಮೆಯೇ. ನೀನು ಆಡುವ ಬಟ್ಟೆಯಲ್ಲಿಲ್ಲದೆ ಇಸ್ತ್ರಿ ಅಂಗಿಯಲ್ಲಿದ್ದೆ, ಮೈಕಿನಲ್ಲಿ ನಿನ್ನ ಹೆಸರು ಕೂಗಿದಾಗ ಕಿವಿ ಮುಚ್ಚಿಕೊಂಡೆ. ಗೆದ್ದ ಮೇಲೆ ಡಿಷಾನ್ ಆ ಹಾಲಿನ ಕ್ಯಾನು ತಂದು ನಿನ್ನ ಕೈಗೆ ಕೊಟ್ಟ. ನೀನು ಅದನ್ನು ನೋಡದೆಯೇ ಪಕ್ಕದವನಿಗೆ ದಾಟಿಸಿದೆ.

ನಿನಗೆ ತಿಳಿಯಬೇಕು, ನಿನ್ನಪ್ಪ ಬಂದಿದ್ದ. ಪಾರ್ಕಿಂಗಿನಲ್ಲಿ ಪಿಕಪ್ಪಿನೊಳಗೆ ಕೂತು ರೇಡಿಯೋ ಹಾಕಿಕೊಂಡಿದ್ದ. ಬಾ ಎಂದು ಕರೆದೆ. "ಬರಬೇಡ ಅಂದಿದಾನೆ ಮಾರ್ಲಿಸ್" ಎಂದ. ಅಷ್ಟೇ.

ಹಿಂದಿನ ವಾರ ಶಾಲೆಯ ಜಿಮ್ಮಿಗೆ ಅವನು ಎಲ್ಲ ಹುಡುಗರ ಅಪ್ಪ ಅಮ್ಮಂದಿರನ್ನು ಕರೆಸಿದ್ದ. ತಾನು ಏನು ಕಲಿಸಿದ್ದೆ ಎಂಬುದನ್ನು ನಿಂತುಕೊಂಡು ಹೇಳಿದ. ಕಡೆಯಲ್ಲಿ ಒಬ್ಬ ಹೆಂಗಸು ಎದ್ದು, "ನನ್ನ ಮಗ ಹೋದ ವರ್ಷದಿಂದ ರಾತ್ರಿ ಲೈಟು ಹಾಕಿದ್ರೆ ಕಿರುಚ್ತಾನೆ. ವಯಸ್ಸಿನ ಹುಚ್ಚು ಅಂದ್ಕೊಂಡಿದ್ದೆ ಕೋಚ್" ಎಂದಳು. ಶಾಲೆಯವರು ಅವನನ್ನು ಕೋಚ್ ಕೆಲಸದಿಂದ ತೆಗೆದರು. ಅಲ್ಲಿ ಮರಗೆಲಸದ ಪಾಠ ಹೇಳುವ ಕೆಲಸ ಮಾತ್ರ ಉಳಿದಿದೆ. ಈಗ ಸಾಯಂಕಾಲ ಇದನ್ನೇ ಹೇಳಲು ಹಳೇ ಹುಡುಗರ ಮನೆಮನೆಗೆ ಹೋಗುತ್ತಾನೆ. ಕೆಲವರು ಬಾಗಿಲು ತೆರೆಯುತ್ತಾರೆ.

ಅವನನ್ನು ಕ್ಷಮಿಸು ಎಂದು ನಾನು ಕೇಳುತ್ತಿಲ್ಲ. ನನ್ನ ಏಪ್ರನ್ ಜೇಬಿನಲ್ಲಿ ನಿನ್ನ ಎರಡು ಕಾಗದ ಇದ್ದವು. ಎರಡರಲ್ಲೂ ಅದೇ ಕಥೆ. ಹನ್ನೊಂದು ದಿನ ನಾನೂ ಅವನ್ನು ಇಟ್ಟುಕೊಂಡೇ ಪಾತ್ರೆ ತೊಳೆದೆ.

ನಿನ್ನ ಅಮ್ಮ


ವಿಟ್ಲಾಕ್
ಡಿಸೆಂಬರ್ 5

ಅಪ್ಪಾ,

ದಿನಕ್ಕೆ ಸ್ವಲ್ಪ ಸ್ವಲ್ಪ ಬರೆಯಬಹುದು ಎಂದು ಡಾಕ್ಟರು ಹೇಳಿದ್ದಾರೆ. ಈ ಕಾಗದ ಶುರು ಮಾಡಿ ಇವತ್ತಿಗೆ ಮೂರನೇ ದಿನ. ವಿಳಾಸವನ್ನು ಡಿಷಾನ್ ಹತ್ತಿರ ಸರಿನೋಡಿಸಿದ್ದೇನೆ.

ನನ್ನ ಸಿಟ್ಟು ಹೋಗಿಲ್ಲ. ಹೋಗುತ್ತದೋ ಇಲ್ಲವೋ ಗೊತ್ತಿಲ್ಲ. ಆದರೆ ಒಂದು ವಿಷಯ ಕೇಳಬೇಕು, ನಿನ್ನನ್ನು ಬಿಟ್ಟು ಬೇರೆ ಯಾರನ್ನು ಕೇಳುವುದೋ ತಿಳಿಯುತ್ತಿಲ್ಲ.

ಅಕ್ಟೋಬರ್ 8ರ ಆಟ ನನ್ನ ಜೀವನದ ಅತ್ಯುತ್ತಮ ಆಟ ಎಂದು ಎಲ್ಲರೂ ಹೇಳುತ್ತಾರೆ. ಕ್ಷೌರದವನು ಆ ದಿನದ ಫೋಟೋ ಗೋಡೆಗೆ ಹಾಕಿದ್ದಾನೆ. ನನಗೆ ಅದು ಒಂಚೂರೂ ನೆನಪಿಲ್ಲ ಅಪ್ಪಾ. ಬೆಳಿಗ್ಗೆ ಬಸ್ಸು ಕಾಯದೆ ನಡೆದು ಹೋದದ್ದು ನೆನಪಿದೆ, ಆಮೇಲೆ ಸೋಮವಾರ. ವಿಡಿಯೋ ನೋಡೋಣವೆಂದರೆ ಪರದೆ ಮುಂದೆ ಕೂತರೆ ವಾಂತಿ ಬರುತ್ತದೆ. ನೀನು ಆವತ್ತು ಬಂದಿದ್ದೆ ಎಂದು ಅಮ್ಮ ಹೇಳಿದಳು. ಡ್ರಾಯರಿನಲ್ಲಿ ನಿನ್ನ ಕಾಗದವೂ ಸಿಕ್ಕಿತು, ಓದಿಸಿ ಕೇಳಿದೆ. ಅದು ಕೋಚ್ ಬರೆದ ಕಾಗದ.

ಅಪ್ಪ ಏನು ನೋಡಿದ ಎಂದು ಹೇಳು. ನಾನು ಚೆನ್ನಾಗಿ ಆಡಿದ್ನಾ?

ಟ್ರೆಂಟ್


ಹೋಲ್ಮ್ ಗ್ರೋವ್
ಡಿಸೆಂಬರ್ 9

ಟ್ರೆಂಟ್,

ನಿನ್ನ ಕಾಗದ ಓದಿದಾಗ ನನಗೆ ಮೊದಲು ಬಂದ ಭಾವನೆ ಏನೆಂದರೆ, ಸದ್ಯ, ಇವನಿಗೆ ನೆನಪಿಲ್ಲ. ಸ್ವಲ್ಪ ಹೊತ್ತು ಹಗುರವಾಗಿದ್ದೆ. ಅದನ್ನೂ ನಿನಗೆ ಹೇಳಬೇಕು, ಅದಕ್ಕೇ ಮೊದಲೇ ಬರೆದೆ.

ಚೆನ್ನಾಗಿ ಆಡಿದೆ. ಎರಡನೇ ಕ್ವಾರ್ಟರ್ ಮುಗಿಯುವ ತನಕ ನಿನ್ನಷ್ಟು ಚೆನ್ನಾಗಿ ಆಡಿದವರನ್ನು ನಾನು ನೋಡಿಲ್ಲ, ಅದು ಸುಳ್ಳಲ್ಲ.

ಮೂರನೇ ಕ್ವಾರ್ಟರಿನಲ್ಲಿ ಒಬ್ಬನ ಮೊಣಕಾಲು ನಿನ್ನ ಹೆಲ್ಮೆಟ್ಟಿಗೆ ಬಡಿಯಿತು. ಬಿದ್ದೆ. ನಿಧಾನವಾಗಿ ಎದ್ದೆ ಎಂದು ಆವತ್ತು ಬರೆದೆನಲ್ಲ, ಅಲ್ಲಿಗೆ ನಿಲ್ಲಿಸಿದ್ದೆ. ನೀನು ಎದ್ದು ನಡೆದದ್ದು ಎದುರು ತಂಡದ ಕಡೆಗೆ. ಅವರ ಹುಡುಗರು ಮುಂದಿನ ನಡೆಯ ಸೂಚನೆ ಕೇಳಲು ತಲೆ ಸೇರಿಸಿ ಸುತ್ತು ಕಟ್ಟಿದ್ದರು. ನೀನು ಹೋಗಿ ಅವರ ಸುತ್ತಿನೊಳಗೆ ನಿಂತೆ. ಒಬ್ಬನ ಹೆಗಲ ಮೇಲೆ ಕೈಯಿಟ್ಟು, ತಲೆ ಬಗ್ಗಿಸಿ, ಯಾರಾದರೂ ಏನಾದರೂ ಹೇಳಲಿ ಎಂದು ಕಾಯುತ್ತಾ ನಿಂತೆ. ಅವರು ಮಾತು ನಿಲ್ಲಿಸಿದರು. ಅವರಲ್ಲೊಬ್ಬ ನಿನ್ನ ಎರಡೂ ಭುಜ ಹಿಡಿದು ಮೆತ್ತಗೆ ತಿರುಗಿಸಿ, ನಮ್ಮವರು ಇರುವ ಕಡೆ ಕೈ ತೋರಿಸಿದ. ಡಿಷಾನ್ ಓಡಿ ಬಂದು ತೋಳು ಹಿಡಿದುಕೊಂಡ.

ನಮ್ಮ ಕಡೆ ಕೂತಿದ್ದ ಜನ ಸದ್ದಿಲ್ಲದೆ ನೋಡುತ್ತಿದ್ದರು. ನನ್ನ ಪಕ್ಕದ ಮುದುಕ, "ಆ ಹುಡುಗಂಗೆ ಏನೋ ಆಗಿದೆ, ಯಾರಾದ್ರೂ ಹೋಗ್ರಪ್ಪಾ" ಎಂದ. ರೆನೇ ಮೇಡಂ ಬೇರೊಬ್ಬನ ಕಾಲಿಗೆ ಪಟ್ಟಿ ಸುತ್ತುತ್ತಿದ್ದರು, ಸದ್ದು ನಿಂತದ್ದಕ್ಕೆ ತಲೆ ಎತ್ತಿ ನೋಡುತ್ತಿದ್ದರು. ಆಗ ನಾನು ಎದ್ದು ನಿಂತು ಬಾಯಿ ಹರಿಯುವಂತೆ ಕೂಗಿದೆ, "ನೋಡ್ರೋ ನಮ್ ಹುಡುಗನ್ನ! ಅವರ ಗುಟ್ಟು ಕದಿಯೋಕೆ ಹೋಗಿದಾನೆ!" ಜನ ಹೋ ಎಂದು ನಕ್ಕರು, ಚಪ್ಪಾಳೆ ತಟ್ಟಿದರು. ಮುದುಕನೂ ನಕ್ಕ. ರೆನೇ ಮೇಡಂ ಮತ್ತೆ ತಲೆ ಬಗ್ಗಿಸಿ ಪಟ್ಟಿ ಸುತ್ತಿದರು.

ನೀನು ನಗು ಕೇಳಿ ನಮ್ಮ ಕಡೆ ತಿರುಗಿ ನೋಡಿದೆ. ನನ್ನನ್ನು ಹುಡುಕುತ್ತಿದ್ದೆ. ನಾನು ಹೆಬ್ಬೆರಳು ಎತ್ತಿ ತೋರಿಸಿದೆ. ನೀನು ಆಡಲು ಹೋದೆ.

ನಾನು ನೋಡಿದ್ದು ಇದು. ನಿನಗೆ ಏನಾಗಿದೆ ಎಂದು ಇಡೀ ಮೈದಾನದಲ್ಲಿ ಸರಿಯಾಗಿ ಗೊತ್ತಿದ್ದವನು ನಾನೊಬ್ಬನೇ.

ಈ ಕಾಗದವನ್ನು ಇಟ್ಟುಕೋ, ಬೇಡವಾದರೆ ಹರಿದು ಹಾಕು. ಮರೆತುಹೋದರೆ ಮತ್ತೆ ಕೇಳು ಮಗನೇ. ಎಷ್ಟು ಸಲ ಕೇಳಿದರೂ ಇದನ್ನೇ ಹೇಳುತ್ತೇನೆ.

ಅಪ್ಪ